ಬಾಡಿಗೆ ಗಾಡಿ ಜಪ್ತಿ ಆಗಿದೆ, ಮಾಲೀಕನ ಮಾತು ಕೇಳುವವರು ಯಾರು?

ಭತ್ತದ ಸೀಮೆ · ಸೋಮವಾರ ರಾತ್ರಿ

ಎಲ್ಲರಿಗೂ ನಮಸ್ಕಾರ. ಲಾರಿ, ಗೂಡ್ಸ್ ಗಾಡಿ ಇಟ್ಟವರು, ಕೋರ್ಟ್ ಕಚೇರಿ ಗೊತ್ತಿರುವವರು ಸ್ವಲ್ಪ ದಾರಿ ಹೇಳಿ.

ನಮ್ಮ ಭಾವನ ಹೆಸರಲ್ಲಿ ಒಂದು ಟಾಟಾ ಏಸ್ ಇದೆ. ಹಳದಿ ಬೋರ್ಡ್, ಬಾಡಿಗೆಗೆ ಓಡುವ ಗಾಡಿ. ಸಾಲ ಇನ್ನೂ ತೀರಿಲ್ಲ. ಓಡಿಸುವುದು ಸಂಬಳದ ಡ್ರೈವರ್. ಹೋದ ತಿಂಗಳು ಅವನು ಯಾರೋ ವ್ಯಾಪಾರಿಯ ಬಾಡಿಗೆ ಹಿಡಿದು ಹದಿನಾಲ್ಕು ಚೀಲ ಅಕ್ಕಿ ಹೇರಿಕೊಂಡು ಹೊರಟಿದ್ದಾನೆ. ದಾರಿಯಲ್ಲಿ ಆಹಾರ ಇಲಾಖೆಯವರೂ ಪೊಲೀಸರೂ ಸೇರಿ ನಿಲ್ಲಿಸಿದ್ದಾರೆ. ಬಿಲ್ ಇಲ್ಲ. ಪಡಿತರ ಅಕ್ಕಿ ಅಂತ ಮಹಜರು ಬರೆದು ಗಾಡಿ ಸಮೇತ ಠಾಣೆಗೆ ಒಯ್ದಿದ್ದಾರೆ. ಎಫ್‌ಐಆರ್‌ನಲ್ಲಿ ಡ್ರೈವರ್ ಹೆಸರಿದೆ, ವ್ಯಾಪಾರಿ ಹೆಸರಿದೆ. ಭಾವನ ಹೆಸರಿಲ್ಲ.

ಆವತ್ತಿಂದ ಅಲೆದಾಟ. ಠಾಣೆಯಲ್ಲಿ 'ಕೋರ್ಟ್ ಆರ್ಡರ್ ತನ್ನಿ' ಅಂದರು. ಕೋರ್ಟಿಗೆ ಅರ್ಜಿ ಹಾಕಿದರೆ ಸರ್ಕಾರಿ ವಕೀಲರು 'ಇದು ಡಿಸಿ ಅವರ ಅಧಿಕಾರ' ಅಂತ ಆಕ್ಷೇಪಣೆ ಸಲ್ಲಿಸಿದರು. ಅರ್ಜಿ ವಜಾ ಆಯ್ತು. ಡಿಸಿ ಕಚೇರಿಯಲ್ಲಿ ಕೇಳಿದರೆ 'ವರದಿ ಬರಲಿ, ಆಮೇಲೆ ನೋಟಿಸ್ ಕೊಡ್ತೀವಿ' ಅನ್ನುತ್ತಾರೆ. ಇಷ್ಟರಲ್ಲಿ ಯಾರೂ ಭಾವನನ್ನು ಕೂರಿಸಿ ನಿನ್ನದೇನಪ್ಪ ಅಂತ ಒಂದು ಮಾತು ಕೇಳಿಲ್ಲ. ಕಂತು ಮಾತ್ರ ತಪ್ಪದೆ ಕಟ್ ಆಗ್ತಾ ಇದೆ.

ಡ್ರೈವರ್ ಮಾಡಿದ್ದಕ್ಕೆ ಗಾಡಿ ಹೋಗುತ್ತಾ? ಹೋಗುವ ಮೊದಲು ಮಾಲೀಕನ ಮಾತು ಕೇಳಲೇಬೇಕು ಅಂತ ಕಾನೂನು ಇದೆಯಾ?

ಗೇರ್ ಬದ್ಲಿ · ಸೋಮವಾರ ರಾತ್ರಿ

ಬಾ ಗುರು, ನೀನೊಬ್ಬನೇ ಅಲ್ಲ. ಯಾವುದಾದರೂ ಠಾಣೆಯ ಹಿಂದೆ ಹೋಗಿ ನೋಡು. ಗಾಜಿನ ಮೇಲೆ ಬಿಳಿ ಬಣ್ಣದಲ್ಲಿ ಕ್ರೈಂ ನಂಬರ್. ಟೈರು ನೆಲಕ್ಕೆ ಕೂತಿರುತ್ತೆ. ಬಾನೆಟ್ ಒಳಗಿಂದ ಜಾಲಿ ಗಿಡ ಎದ್ದಿರುತ್ತೆ. ಬ್ಯಾಟರಿ ಇರಲ್ಲ, ಸ್ಟೆಪ್ನಿ ಇರಲ್ಲ. ಎರಡು ಮಳೆಗಾಲ ಕಳೆದ ಮೇಲೆ ಆರ್ಡರ್ ಬಂದರೂ ಕ್ರೇನ್ ತಗೊಂಡೇ ಹೋಗಬೇಕು. ಗುಜರಿಯವನು ಹೇಳಿದ್ದೇ ರೇಟು.

ನಮ್ಮ ಕಡೆ ಒಂದು ಮಾತಿದೆ: ಡ್ರೈವರ್‌ಗೆ ಬೇಲ್ ಮೂರು ದಿನ, ಗಾಡಿಗೆ ಬೇಲ್ ಮೂರು ವರ್ಷ.

ವಕೀಲಮ್ಮ · ಮಂಗಳವಾರ ಬೆಳಿಗ್ಗೆ

ಭತ್ತದ ಸೀಮೆ ಅವರೇ, ನಾನು ತಾಲೂಕು ಕೋರ್ಟಿನಲ್ಲಿ ಪ್ರಾಕ್ಟೀಸ್ ಮಾಡುತ್ತೇನೆ. ಕಡತ ನೋಡದೆ ಪೂರ್ತಿ ಸಲಹೆ ಕೊಡಲು ಬರುವುದಿಲ್ಲ. ಆದರೆ ನಿಮ್ಮ ಎರಡು ಪ್ರಶ್ನೆಗೂ ಕಾಯ್ದೆಯಲ್ಲೇ ಉತ್ತರ ಇದೆ.

ಮೊದಲು ಒಂದು ವಿಷಯ. ಗಾಡಿ ಹಿಡಿದು ಠಾಣೆಯಲ್ಲಿ ನಿಲ್ಲಿಸುವುದು ಜಪ್ತಿ. ಗಾಡಿ ಶಾಶ್ವತವಾಗಿ ಸರ್ಕಾರಕ್ಕೆ ಸೇರಿತು ಅಂತ ಆದೇಶ ಮಾಡುವುದು ಮುಟ್ಟುಗೋಲು. ಜಪ್ತಿಗೆ ಮೊದಲು ಯಾರೂ ನಿಮ್ಮನ್ನು ಕೇಳಬೇಕಾಗಿಲ್ಲ. ರಸ್ತೆಯಲ್ಲಿ ಗಾಡಿ ನಿಲ್ಲಿಸಿಕೊಂಡು ವಿಚಾರಣೆ ಮಾಡಲು ಆಗುವುದಿಲ್ಲವಲ್ಲ. ಮುಟ್ಟುಗೋಲಿಗೆ ಮೊದಲು ಮಾತ್ರ ಕೇಳಲೇಬೇಕು.

ನಿಮ್ಮದು ಅಗತ್ಯ ವಸ್ತುಗಳ ಕಾಯ್ದೆ, 1955. ಅದರ 6ಎ ಕಲಂ ಪ್ರಕಾರ ಮುಟ್ಟುಗೋಲು ಹಾಕುವ ಅಧಿಕಾರ ಜಿಲ್ಲಾಧಿಕಾರಿಯದು, ಇಲ್ಲವೇ ಅವರ ಪರವಾಗಿ ಅಧಿಕಾರ ಪಡೆದ ಅಧಿಕಾರಿಯದು. 6ಬಿ ಕಲಂನಲ್ಲಿ ಮೂರು ವಿಷಯ ಕಡ್ಡಾಯ. ಯಾವ ಕಾರಣಕ್ಕೆ ಮುಟ್ಟುಗೋಲು ಹಾಕಬೇಕು ಅಂದುಕೊಂಡಿದ್ದೇವೆ ಅಂತ ಮಾಲೀಕನಿಗೆ ಅಥವಾ ಗಾಡಿ ಯಾರಿಂದ ಜಪ್ತಿ ಆಯ್ತೋ ಅವನಿಗೆ ಲಿಖಿತ ನೋಟಿಸ್ ಕೊಡಬೇಕು. ಲಿಖಿತ ಉತ್ತರ ಕೊಡಲು ಸಮಯ ಕೊಡಬೇಕು. ಆಮೇಲೆ ಅವನ ಮಾತು ಕೇಳಬೇಕು. ಎಫ್‌ಐಆರ್‌ನಲ್ಲಿ ಭಾವನ ಹೆಸರಿಲ್ಲ ಅಂದರೂ ನೋಟಿಸ್ ಭಾವನಿಗೇ ಬರಬೇಕು ಅಂತ ಕೇಳಿ, ಆರ್‌ಸಿ ಅವರ ಹೆಸರಲ್ಲಿ ಇದೆ ಅಂತಾದರೆ. ಡ್ರೈವರ್ ಕೈಗೆ ಒಂದು ಕಾಗದ ಕೊಟ್ಟು ಸಹಿ ಮಾಡಿಸಿಕೊಂಡರೆ ಅದು ಮಾಲೀಕನಿಗೆ ಕೊಟ್ಟ ನೋಟಿಸ್ ಆಗುವುದಿಲ್ಲ ಅಂತ ವಾದಿಸಬಹುದು.

ಕೋರ್ಟ್ ಅರ್ಜಿ ವಜಾ ಆಗಿದ್ದಕ್ಕೆ ಕಾರಣ 6ಇ ಕಲಂ. ಮುಟ್ಟುಗೋಲು ಪ್ರಕ್ರಿಯೆ ಬಾಕಿ ಇರುವಾಗ ಆ ಗಾಡಿಯನ್ನು ಬಿಡುವ, ಕೊಡುವ, ವಿಲೇ ಮಾಡುವ ಅಧಿಕಾರ ಡಿಸಿಗೆ ಮಾತ್ರ, ಬೇರೆ ಯಾವ ಕೋರ್ಟಿಗೂ ಇಲ್ಲ ಅಂತ ಅದು ಹೇಳುತ್ತದೆ. ಹಾಗಾದರೆ ಮಧ್ಯಂತರವಾಗಿ ಗಾಡಿ ಬಿಡಿ ಅಂತ ಕೇಳುವ ಜಾಗವೂ ಡಿಸಿ ಕಚೇರಿಯೇ. ಇದನ್ನು ನಿಮಗೆ ಅಲ್ಲಿ ಯಾರೂ ಹೇಳಿರುವುದಿಲ್ಲ. ನೋಟಿಸ್ ಬರಲಿ ಅಂತ ಕಾಯಬೇಡಿ. ಇವತ್ತೇ ಅರ್ಜಿ ಹಾಕಿ.

ಭತ್ತದ ಸೀಮೆ · ಮಂಗಳವಾರ ಬೆಳಿಗ್ಗೆ

ಮೇಡಂ, ತುಂಬಾ ಥ್ಯಾಂಕ್ಸ್. ವರದಿಯೇ ಬಂದಿಲ್ಲ ಅನ್ನುತ್ತಾರಲ್ಲ, ಅರ್ಜಿ ತಗೊಳ್ತಾರಾ?

ಹಳೇ ಗುಮಾಸ್ತ · ಮಂಗಳವಾರ ಮಧ್ಯಾಹ್ನ

ತಗೊಳ್ಳಲೇಬೇಕು ತಮ್ಮಾ. ನಾನು ಕಂದಾಯ ಇಲಾಖೆಯಲ್ಲಿ ಇದ್ದು ನಿವೃತ್ತಿ ಆದವನು, ಆ ಕಡೆಯ ಮೇಜಿನ ಕಥೆ ಹೇಳ್ತೀನಿ ಕೇಳು.

ಜಪ್ತಿ ಆದದ್ದನ್ನು 'ಅನಗತ್ಯ ವಿಳಂಬ ಇಲ್ಲದೆ' ಡಿಸಿಗೆ ವರದಿ ಮಾಡಬೇಕು ಅಂತ 6ಎ ಕಲಂನಲ್ಲೇ ಇದೆ. ಠಾಣೆಯವರು ಕಳಿಸಿರುತ್ತಾರೆ, ಅದು ಆಹಾರ ಶಾಖೆಯಲ್ಲಿ ಕೂತಿರುತ್ತೆ. ಇಲ್ಲಾ, ಲ್ಯಾಬ್ ರಿಪೋರ್ಟ್ ಬರಲಿ ಅಂತ ಠಾಣೆಯಲ್ಲೇ ಇಟ್ಟುಕೊಂಡಿರುತ್ತಾರೆ. ನೀನು ಬಾಯಲ್ಲಿ ಕೇಳಿದರೆ ಬಾಯಲ್ಲೇ ಉತ್ತರ ಬರುತ್ತೆ. ಅರ್ಜಿ ಬರೆದು ಕಚೇರಿಯ ಟಪಾಲು ಶಾಖೆಯಲ್ಲಿ ಕೈಯಾರೆ ಕೊಡು. ನಿನ್ನ ಪ್ರತಿಯ ಮೇಲೆ ಸೀಲು, ತಾರೀಕು, ಇನ್‌ವರ್ಡ್ ನಂಬರ್ ಹಾಕಿಸಿಕೊಳ್ಳದೆ ಅಲ್ಲಿಂದ ಕದಲಬೇಡ. ನಂಬರ್ ಬಿದ್ದ ಕಾಗದಕ್ಕೆ ಯಾರಾದರೊಬ್ಬ ಕೇಸ್ ವರ್ಕರ್ ಉತ್ತರ ಬರೆಯಲೇಬೇಕಾಗುತ್ತೆ. ನಂಬರ್ ಇಲ್ಲದ ಅಹವಾಲು ಕಾರಿಡಾರ್‌ನಲ್ಲೇ ಮುಗಿದು ಹೋಗುತ್ತೆ.

ಅರ್ಜಿ ಜೊತೆ ಆರ್‌ಸಿ, ಇನ್ಶೂರೆನ್ಸ್, ಎಫ್‌ಸಿ (ಫಿಟ್‌ನೆಸ್ ಸರ್ಟಿಫಿಕೇಟ್), ಪರ್ಮಿಟ್, ಸಾಲದ ಸ್ಟೇಟ್‌ಮೆಂಟ್, ಎಫ್‌ಐಆರ್ ನಕಲು, ಮಹಜರು ನಕಲು, ಪಿಎಫ್ (ಠಾಣೆಯವರು ಜಪ್ತಿ ವಸ್ತು ಬರೆಯುವ ಪಟ್ಟಿ) ನಂಬರ್ ಇರಲಿ. ಕೋರ್ಟ್ ವಜಾ ಮಾಡಿದ ಆದೇಶದ ನಕಲು ಮರೀಬೇಡ. ಅದೇ ನಿನ್ನ ಬಲ. 'ಡಿಸಿ ಹತ್ತಿರ ಹೋಗು' ಅಂತ ಕೋರ್ಟೇ ಬರೆದುಕೊಟ್ಟ ಹಾಗೆ ಅದು.

ನ್ಯಾಯಬೆಲೆ ಸಾಲು · ಮಂಗಳವಾರ ಸಂಜೆ

ಎಲ್ಲರೂ ಗಾಡಿ ಬಗ್ಗೆ ಮಾತಾಡ್ತಿದ್ದೀರಿ. ಆ ಹದಿನಾಲ್ಕು ಚೀಲ ಯಾರ ಹೊಟ್ಟೆಗೆ ಸೇರಬೇಕಿತ್ತು ಅಂತ ಯಾರಾದರೂ ಕೇಳಿದಿರಾ? ನಾನು ತಿಂಗಳ ಕೊನೆಗೆ ಬೆರಳಚ್ಚು ಕೊಡಲು ಸಾಲಿನಲ್ಲಿ ನಿಲ್ಲುವವಳು. 'ಸ್ಟಾಕ್ ಮುಗೀತು, ನಾಳೆ ಬನ್ನಿ' ಅನ್ನಿಸಿಕೊಂಡು ಬರೀ ಚೀಲ ಹಿಡಿದು ಮನೆಗೆ ಬರುವವಳು.

ಡ್ರೈವರ್‌ಗೆ ಗೊತ್ತಿಲ್ಲ, ಮಾಲೀಕನಿಗೆ ಗೊತ್ತಿಲ್ಲ, ವ್ಯಾಪಾರಿಗೆ ಗೊತ್ತಿಲ್ಲ. ಅಕ್ಕಿ ತಾನೇ ನಡೆದುಕೊಂಡು ಹೋಯ್ತಾ? ಗಾಡಿ ಹೋಗುತ್ತೆ ಅನ್ನೋ ಭಯ ಇದ್ದರೆ ತಾನೇ ಮಾಲೀಕ ಡ್ರೈವರ್‌ನನ್ನು ವಿಚಾರಿಸೋದು?

ಗೇರ್ ಬದ್ಲಿ · ಮಂಗಳವಾರ ಸಂಜೆ

ಅಕ್ಕಾ, ಅರ್ಧ ಅಕ್ಕಿ ಕಾರ್ಡ್‌ದಾರರೇ ಮಾರಿದ್ದು. ಮನೆ ಬಾಗಿಲಿಗೆ ತಕ್ಕಡಿ ತಗೊಂಡು ಬರ್ತಾರೆ, ನಮ್ಮ ಓಣಿಯಲ್ಲಿ ನೋಡಿದ್ದೀನಿ.

ನ್ಯಾಯಬೆಲೆ ಸಾಲು · ಮಂಗಳವಾರ ಸಂಜೆ

ಮಾರುವವರು ಇದ್ದಾರೆ, ಇಲ್ಲ ಅನ್ನಲ್ಲ ಅಣ್ಣ. ಎರಡು ಕೆಜಿ ಮಾರಿ ಎಣ್ಣೆ ತಗೊಳ್ಳೋಳನ್ನು ಹಿಡಿಯೋಕೆ ಬರ್ತಾರೆ. ನೂರು ಮನೆಯದ್ದು ಸೇರಿಸಿ ಮಿಲ್ಲಿಗೆ ಸಾಗಿಸುವವನು ಮಾತ್ರ ಎಫ್‌ಐಆರ್‌ನಲ್ಲಿ 'ತಲೆಮರೆಸಿಕೊಂಡಿದ್ದಾನೆ' ಅಂತ ಇರ್ತಾನೆ. ಗಾಡಿ ಹಿಡಿಯಲೇಬೇಡಿ ಅಂದರೆ ಹಿಡಿಯೋದು ಇನ್ನೇನನ್ನ?

ವಕೀಲಮ್ಮ · ಮಂಗಳವಾರ ರಾತ್ರಿ

ಅಕ್ಕಾ, ನಿಮ್ಮ ಕೋಪ ಸರಿಯಾದ ಜಾಗದಲ್ಲಿದೆ. ಗಾಡಿ ಹಿಡಿಯಬಾರದು ಅಂತ ಇಲ್ಲಿ ಯಾರೂ ಹೇಳುತ್ತಿಲ್ಲ. ಹಿಡಿದ ಮೇಲೆ ಯಾರು, ಯಾವಾಗ, ಏನು ನೋಡಿ ತೀರ್ಮಾನ ಮಾಡುತ್ತಾರೆ ಅನ್ನುವುದಷ್ಟೇ ಮಾತು. ಮಾಲೀಕನೂ ಆ ದಂಧೆಯಲ್ಲಿ ಇದ್ದರೆ ವಿಚಾರಣೆಯಲ್ಲಿ ಅದೂ ಹೊರಬರುತ್ತದೆ. ವಿಚಾರಣೆಯೇ ನಡೆಯದಿದ್ದರೆ ದಂಧೆಯವನೂ ಅಮಾಯಕನೂ ಒಂದೇ ಲೆಕ್ಕಕ್ಕೆ ಸೇರುತ್ತಾರೆ. ದಂಧೆಯವನ ಹತ್ತಿರ ಇನ್ನೂ ನಾಲ್ಕು ಗಾಡಿ ಇರುತ್ತವೆ, ಅವನಿಗೆ ಬಿಸಿ ತಟ್ಟುವುದಿಲ್ಲ.

ನೀವು ಹೇಳಿದ 'ಗೊತ್ತಿಲ್ಲ' ಅನ್ನುವ ಮಾತಿಗೇ ಬರುತ್ತೇನೆ, ಭತ್ತದ ಸೀಮೆ ಅವರೂ ಗಮನಿಸಿ. ಮಾಲೀಕ ಸುಮ್ನೆ 'ನನಗೆ ಗೊತ್ತಿರಲಿಲ್ಲ' ಅಂದರೆ ಗಾಡಿ ಉಳಿಯುವುದಿಲ್ಲ. 6ಬಿ ಎರಡನೇ ಉಪಕಲಂ ತುಂಬಾ ಬಿಗಿ. ತನಗೆ ಗೊತ್ತಿರಲಿಲ್ಲ, ತನ್ನ ಏಜೆಂಟ್‌ಗೆ ಗೊತ್ತಿರಲಿಲ್ಲ, ಗಾಡಿ ಯಾರ ಕೈಯಲ್ಲಿತ್ತೋ ಅವನಿಗೂ ಗೊತ್ತಿರಲಿಲ್ಲ, ಎಲ್ಲರೂ ತಕ್ಕ ಎಚ್ಚರಿಕೆ ವಹಿಸಿದ್ದರು ಅಂತ ಮಾಲೀಕನೇ ರುಜುವಾತು ಮಾಡಬೇಕು. ಗಾಡಿ ಕೈಯಲ್ಲಿದ್ದವನು ಅಂದರೆ ಡ್ರೈವರ್. ಅವನು ತನಿಖೆಯಲ್ಲಿ 'ಪಡಿತರ ಅಕ್ಕಿ ಅಂತ ಗೊತ್ತಿತ್ತು, ಜಾಸ್ತಿ ಬಾಡಿಗೆ ಕೊಟ್ಟರು' ಅಂತ ಹೇಳಿಕೆ ಕೊಟ್ಟುಬಿಟ್ಟಿದ್ದರೆ ಕಷ್ಟ. ಹೇಳಿಕೆಯ ನಕಲು ಮೊದಲು ತೆಗೆಸಿ ಓದಿ. ಪೊಲೀಸರ ಮುಂದೆ ಕೊಟ್ಟ ಹೇಳಿಕೆಗೆ ಎಷ್ಟು ತೂಕ ಅನ್ನುವುದು ಬೇರೆ ವಾದ, ಅದನ್ನು ವಕೀಲರು ನೋಡಿಕೊಳ್ಳುತ್ತಾರೆ.

ಅಲ್ಲಿ ಸೋತರೂ ಇನ್ನೊಂದು ಬಾಗಿಲು ಇದೆ. ಬಾಡಿಗೆ ಗಾಡಿಯ ಮಾಲೀಕರಲ್ಲಿ ಹೆಚ್ಚಿನವರಿಗೆ ಇದು ಗೊತ್ತೇ ಇರುವುದಿಲ್ಲ. 6ಎ ಕಲಂಗೆ ಒಂದು ಪರಂತುಕ, ಅಂದರೆ 'ಆದರೆ' ಅಂತ ಸೇರಿಸಿದ ಷರತ್ತು, ಇದೆ. ಗಾಡಿ ಬಾಡಿಗೆಗೆ ಸರಕು ಅಥವಾ ಜನರನ್ನು ಸಾಗಿಸುವಂಥದ್ದಾದರೆ, ಮುಟ್ಟುಗೋಲಿನ ಬದಲು ದಂಡ ಕಟ್ಟುವ ಆಯ್ಕೆಯನ್ನು ಮಾಲೀಕನಿಗೆ ಕೊಡಲೇಬೇಕು. ಕೊಡಬಹುದು ಅಂತಲ್ಲ, ಕೊಡಬೇಕು. ಆ ದಂಡಕ್ಕೂ ಮಿತಿ ಇದೆ. ಜಪ್ತಿಯಾದ ದಿನ ಆ ಸರಕಿಗೆ ಮಾರುಕಟ್ಟೆಯಲ್ಲಿ ಎಷ್ಟು ಬೆಲೆ ಇತ್ತೋ ಅದನ್ನು ಮೀರಬಾರದು. ಗಾಡಿಯ ಬೆಲೆ ಅಲ್ಲ, ಸರಕಿನ ಬೆಲೆ.

ಹದಿನಾಲ್ಕು ಚೀಲ, ಐವತ್ತು ಕೆಜಿಯದ್ದು ಅಂದರೆ ಏಳು ಕ್ವಿಂಟಲ್. ಮಾರುಕಟ್ಟೆ ಬೆಲೆಯನ್ನು ಎಪಿಎಂಸಿ ದರದಿಂದ ತೋರಿಸಬೇಕು. ಅಂದಾಜಿಗೆ ಹೇಳುವುದಾದರೆ, 2023ರಲ್ಲಿ ಅನ್ನಭಾಗ್ಯದ ಹೆಚ್ಚುವರಿ ಅಕ್ಕಿ ಸಿಗದೆ ಸರ್ಕಾರ ಖಾತೆಗೆ ಹಣ ಹಾಕಿತಲ್ಲ, ಆಗ ಹಿಡಿದ ದರ ಕೆಜಿಗೆ ₹34. ಆ ಲೆಕ್ಕದಲ್ಲಿ ₹23,800 ಆಗುತ್ತದೆ. ಎಪಿಎಂಸಿ ದರ ಸ್ವಲ್ಪ ಮೇಲೆ ಕೆಳಗೆ ಇರಬಹುದು. ಅಷ್ಟಕ್ಕೆ ಲಕ್ಷಗಟ್ಟಲೆ ಬೆಲೆಯ ಗಾಡಿ ಉಳಿಯುತ್ತದೆ. ಲಿಖಿತ ಉತ್ತರದಲ್ಲಿ ಇದನ್ನು ಪರ್ಯಾಯ ಬೇಡಿಕೆಯಾಗಿ ಬರೆಯಲೇಬೇಕು. ಹಳದಿ ಬೋರ್ಡ್, ಪರ್ಮಿಟ್, ಟ್ರಿಪ್ ಪುಸ್ತಕ ಇವೆಲ್ಲ ಬಾಡಿಗೆ ಗಾಡಿ ಅನ್ನುವುದಕ್ಕೆ ಸಾಕ್ಷಿ.

ಗೇರ್ ಬದ್ಲಿ · ಮಂಗಳವಾರ ರಾತ್ರಿ

ಇಷ್ಟು ವರ್ಷ ಲೈನಲ್ಲಿ ಇದ್ದೀನಿ, ಇದನ್ನು ಒಬ್ಬನೂ ಹೇಳಿರಲಿಲ್ಲ ಮೇಡಂ. ನಮ್ಮ ಸಂಘದ ಗ್ರೂಪಿಗೆ ಹಾಕ್ತೀನಿ.

ಮಲೆನಾಡ ಮಳೆ · ಬುಧವಾರ ಬೆಳಿಗ್ಗೆ

ಅಕ್ಕಿ ಆದ್ರೆ ಪುಣ್ಯವಂತರು. ನಮ್ಮ ಕಡೆ ಮರ ಸಾಗಿಸುವಾಗ ಸಿಕ್ಕಿಬಿದ್ದರೆ ದಂಡದ ಮಾತೇ ಇಲ್ಲ. ಫಾರೆಸ್ಟ್‌ನವರು ಹಿಡಿದ ಗಾಡಿ ವಾಪಸ್ ಬಂದದ್ದನ್ನು ನಾನಂತೂ ಕಂಡಿಲ್ಲ. ಅಲ್ಲೂ ನೋಟಿಸ್ ಕೊಡಬೇಕಾ?

ವಕೀಲಮ್ಮ · ಬುಧವಾರ ಬೆಳಿಗ್ಗೆ

ಕೊಡಬೇಕು. ಕರ್ನಾಟಕ ಅರಣ್ಯ ಕಾಯ್ದೆ, 1963ರ 71ಎ ಕಲಂನಲ್ಲಿ ಮುಟ್ಟುಗೋಲಿನ ಅಧಿಕಾರ ಇಲಾಖೆಯ ಅಧಿಕೃತ ಅಧಿಕಾರಿಗೆ ಇದೆ. 71ಬಿ ಕಲಂನಲ್ಲಿ ನೋಟಿಸ್, ಲಿಖಿತ ಉತ್ತರ, ವಿಚಾರಣೆ ಮೂರೂ ಇವೆ. ಆದೇಶದ ಮೇಲೆ ಜಿಲ್ಲಾ ಸೆಷನ್ಸ್ ನ್ಯಾಯಾಧೀಶರಿಗೆ ಮೇಲ್ಮನವಿ ಹೋಗಬಹುದು.

ಮಧ್ಯಂತರ ಬಿಡುಗಡೆ ಮಾತ್ರ ನೀವು ಹೇಳಿದಂತೆ ತುಂಬಾ ಕಷ್ಟ. ಅದಕ್ಕೆ ಕಾರಣವೂ ನಮ್ಮ ರಾಜ್ಯದ್ದೇ ಒಂದು ಪ್ರಕರಣ. 2000ದಲ್ಲಿ ಕರ್ನಾಟಕ ಸರ್ಕಾರ ವಿರುದ್ಧ ಕೆ. ಕೃಷ್ಣನ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್, ಅರಣ್ಯ ಅಪರಾಧದಲ್ಲಿ ಹಿಡಿದ ಗಾಡಿಯನ್ನು ಪ್ರಕ್ರಿಯೆ ಮುಗಿಯುವ ತನಕ ಸಾಮಾನ್ಯವಾಗಿ ಬಿಡಬಾರದು ಅಂದಿತು. ವಿಶೇಷ ಕಾರಣಕ್ಕೆ ಬಿಡುವುದಾದರೂ ಕನಿಷ್ಠ ಬ್ಯಾಂಕ್ ಗ್ಯಾರಂಟಿ ಇರಲೇಬೇಕು. ಕಾಡಿನ ದೃಷ್ಟಿಯಿಂದ ನಾನು ಆ ತೀರ್ಪಿಗೆ ವಿರೋಧ ಹೇಳುವುದಿಲ್ಲ. ಆದರೆ ಗಾಡಿಯನ್ನೂ ಬಿಡುವುದಿಲ್ಲ, ವಿಚಾರಣೆಯನ್ನೂ ಬೇಗ ಮುಗಿಸುವುದಿಲ್ಲ ಅಂದರೆ ಆದೇಶ ಬರುವ ಮೊದಲೇ ಶಿಕ್ಷೆ ಮುಗಿದಿರುತ್ತದೆ.

ಪಿಯುಸಿ ಪಾಸ್ · ಬುಧವಾರ ಮಧ್ಯಾಹ್ನ

ನನ್ನ ಬೈಕ್ ಟ್ರಾಫಿಕ್ ಪೊಲೀಸ್ ತಗೊಂಡು ಹೋಗಿದ್ದಾರೆ. ಡಿಎಲ್ ಇಲ್ಲ. ಇದಕ್ಕೂ ಡಿಸಿ ಹತ್ತಿರ ಹೋಗಬೇಕಾ?

ಗೇರ್ ಬದ್ಲಿ · ಬುಧವಾರ ಮಧ್ಯಾಹ್ನ

ಅಯ್ಯೋ ತಮ್ಮಾ.

ವಕೀಲಮ್ಮ · ಬುಧವಾರ ಮಧ್ಯಾಹ್ನ

ಇಲ್ಲಪ್ಪ. ಅದು ಮೋಟಾರು ವಾಹನ ಕಾಯ್ದೆಯ 207ನೇ ಕಲಂ. ಡಿಎಲ್ ಇಲ್ಲದೆ, ವಯಸ್ಸಾಗದೆ, ನೋಂದಣಿ ಇಲ್ಲದೆ ಅಥವಾ ಪರ್ಮಿಟ್ ಇಲ್ಲದೆ ಓಡಿಸಿದರೆ ಗಾಡಿ ತಡೆದು ನಿಲ್ಲಿಸಬಹುದು. ಮಾಲೀಕ ದಾಖಲೆ ತೋರಿಸಿ ಸಾರಿಗೆ ಪ್ರಾಧಿಕಾರ ಅಥವಾ ಅಧಿಕಾರ ಪಡೆದ ಅಧಿಕಾರಿಗೆ ಅರ್ಜಿ ಕೊಟ್ಟರೆ ಪರಿಶೀಲಿಸಿ ಬಿಡುತ್ತಾರೆ. ಡಿಎಲ್ ಇರುವವರನ್ನು ಜೊತೆಗೆ ಕರೆದುಕೊಂಡು ಹೋಗು. ನಿನಗೆ ಹದಿನೆಂಟು ತುಂಬಿಲ್ಲ ಅಂದರೆ ವಿಷಯ ಬೇರೆ. 2019ರ ತಿದ್ದುಪಡಿ ಬಂದ ಮೇಲೆ ಅಪ್ಪನ ಮೇಲೆ ಕೇಸು, ₹25,000 ದಂಡ.

ಡೆಟ್ರಾಯ್ಟ್ ದೋಸೆ · ಗುರುವಾರ ಬೆಳಿಗ್ಗೆ

ಇಲ್ಲಿ ಅಮೆರಿಕದಲ್ಲೂ ಇದೇ ಜಗಳ. ನಾನಿರುವ ಮಿಷಿಗನ್‌ನಲ್ಲೇ ಎರಡು ದೊಡ್ಡ ಪ್ರಕರಣ ಆಗಿವೆ.

ಒಂದು 1996ರದ್ದು. ಗಂಡ ಕಾರಿನಲ್ಲಿ ವೇಶ್ಯೆಯ ಜೊತೆ ಸಿಕ್ಕಿಬಿದ್ದ. ಕಾರಿನಲ್ಲಿ ಹೆಂಡತಿಗೂ ಅರ್ಧ ಪಾಲು. ಅವಳಿಗೆ ಏನೂ ಗೊತ್ತಿಲ್ಲ. ಆದರೂ ಕಾರು ಸರ್ಕಾರಕ್ಕೆ ಸೇರಬಹುದು ಅಂತ ಇಲ್ಲಿನ ಸುಪ್ರೀಂ ಕೋರ್ಟ್ 5-4 ಬಹುಮತದಲ್ಲಿ ಹೇಳಿತು. ಬೆನ್ನಿಸ್ ಪ್ರಕರಣ ಅಂತಾರೆ. ನೀವು ಹೇಳಿದ 6ಬಿ ಎಷ್ಟೇ ಬಿಗಿ ಇದ್ದರೂ ಅಮಾಯಕ ಮಾಲೀಕನಿಗೆ ಒಂದು ದಾರಿ ಕೊಡುತ್ತೆ. ಇಲ್ಲಿ ಅವಳಿಗೆ ಅದೂ ಇರಲಿಲ್ಲ.

ಎರಡನೆಯದು ಡೆಟ್ರಾಯ್ಟ್ ಇರುವ ವೇಯ್ನ್ ಕೌಂಟಿಯದ್ದು. ಇಲ್ಲಿ ಹಿಡಿದ ಕಾರು ಬೇಕು ಅಂದರೆ ತಿಂಗಳುಗಟ್ಟಲೆ ಕಾಯಬೇಕಿತ್ತು, ಇಲ್ಲವೇ ದುಡ್ಡು ಕಟ್ಟಿ ಬಿಡಿಸಿಕೊಳ್ಳಬೇಕಿತ್ತು. 2023ರಲ್ಲಿ ಫೆಡರಲ್ ಮೇಲ್ಮನವಿ ಕೋರ್ಟ್, ಕಾರು ಹಿಡಿದ ಎರಡು ವಾರದೊಳಗೆ ಮಾಲೀಕನಿಗೆ ವಿಚಾರಣೆಯ ಅವಕಾಶ ಕೊಡಬೇಕು ಅಂತ ತೀರ್ಪು ಕೊಟ್ಟಿತು. ಕಾರಿಲ್ಲದೆ ಈ ಊರಲ್ಲಿ ಕೆಲಸಕ್ಕೆ ಹೋಗಲು ಆಗಲ್ಲ, ಮಕ್ಕಳನ್ನು ಶಾಲೆಗೆ ಬಿಡಲು ಆಗಲ್ಲ.

ಖುಷಿ ಜಾಸ್ತಿ ದಿನ ಉಳಿಯಲಿಲ್ಲ. 2024ರ ಮೇ ತಿಂಗಳಲ್ಲಿ ಅಲಬಾಮದ ಕಲ್ಲಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 6-3 ಬಹುಮತದಲ್ಲಿ, ಅಂತಿಮ ವಿಚಾರಣೆ ಸಕಾಲದಲ್ಲಿ ಆದರೆ ಸಾಕು, ಅದಕ್ಕೂ ಮೊದಲು ಬೇರೆಯಾಗಿ ಇನ್ನೊಂದು ವಿಚಾರಣೆ ಕೊಡಬೇಕು ಅಂತ ಸಂವಿಧಾನ ಹೇಳುವುದಿಲ್ಲ ಅಂದಿತು. ಪ್ರಕರಣ ಹಾಕಿದ ತಾಯಿಯ ಕಾರನ್ನು ಕಾಲೇಜಿಗೆ ಹೋಗುವ ಮಗ ಓಡಿಸುತ್ತಿದ್ದ. ಅವನ ಹತ್ತಿರ ಗಾಂಜಾ ಸಿಕ್ಕಿತ್ತು. ಕಾರು ತಾಯಿ ಕೈಗೆ ಬರಲು ವರ್ಷದ ಮೇಲಾಯ್ತು.

ವಕೀಲಮ್ಮ · ಗುರುವಾರ ಮಧ್ಯಾಹ್ನ

ಡೆಟ್ರಾಯ್ಟ್ ಅಣ್ಣ, ನಮ್ಮಲ್ಲೂ ಗಂಟು ಬಿದ್ದಿರುವುದು ಅಲ್ಲೇ. ವಿಚಾರಣೆ ಬೇಕು ಅನ್ನುವುದರಲ್ಲಿ ಜಗಳವಿಲ್ಲ. 1978ರ ಮೇನಕಾ ಗಾಂಧಿ ಪ್ರಕರಣದಲ್ಲೇ ಅದು ತೀರ್ಮಾನ ಆಗಿದೆ. ಪಾಸ್‌ಪೋರ್ಟ್ ವಶಕ್ಕೆ ತೆಗೆದುಕೊಂಡು ಕಾರಣವನ್ನೂ ಹೇಳದೆ ಇದ್ದಾಗ, ಕೊನೆಗೆ ಆಮೇಲಾದರೂ ಅವರ ಮಾತು ಕೇಳಲೇಬೇಕು ಅಂತಾಯ್ತು. ಆಸ್ತಿ ಈಗ ಮೂಲಭೂತ ಹಕ್ಕಲ್ಲದೇ ಇರಬಹುದು. ಆದರೂ ಕಾನೂನಿನ ಅಧಿಕಾರ ಇಲ್ಲದೆ ಯಾರ ಆಸ್ತಿಯನ್ನೂ ಕಸಿಯುವಂತಿಲ್ಲ ಅಂತ ಸಂವಿಧಾನದ 300ಎ ವಿಧಿ ಹೇಳುತ್ತದೆ. 2024ರಲ್ಲಿ ಕೋಲ್ಕತ್ತಾ ಪಾಲಿಕೆಯ ಭೂಸ್ವಾಧೀನದ ಪ್ರಕರಣವೊಂದರಲ್ಲಿ ಸುಪ್ರೀಂ ಕೋರ್ಟ್ ಆ ವಿಧಿಯನ್ನು ಬಿಡಿಸಿ ಏಳು ಹಕ್ಕು ಎಣಿಸಿತು. ಅದರಲ್ಲಿ ಮೊದಲ ಮೂರು ನೋಟಿಸ್, ಅಹವಾಲು ಕೇಳುವುದು, ಕಾರಣ ಬರೆದ ಆದೇಶ. ಅದು ಜಮೀನಿನ ವಿಷಯ. ಗಾಡಿಗೂ ಅದೇ ತರ್ಕ ಹೂಡಬಹುದು ಅನ್ನುವುದು ನನ್ನ ಅಭಿಪ್ರಾಯ.

ಕೊರತೆ ಇರುವುದು ಗಡುವಿನಲ್ಲಿ. 6ಎ, 6ಬಿ ಎರಡರಲ್ಲೂ ಇಷ್ಟು ದಿನದೊಳಗೆ ನೋಟಿಸ್ ಕೊಡಿ, ಇಷ್ಟು ದಿನದೊಳಗೆ ಆದೇಶ ಮಾಡಿ ಅಂತ ಇಲ್ಲ. ಇದೇ ಟಾಟಾ ಏಸ್ ಬೇರೆ ಯಾವುದೋ ಮಾಮೂಲಿ ಕ್ರಿಮಿನಲ್ ಕೇಸಿನಲ್ಲಿ ಸಿಕ್ಕಿದ್ದರೆ ಏನಾಗುತ್ತಿತ್ತು? 2002ರ ಸುಂದರ್‌ಭಾಯಿ ಅಂಬಾಲಾಲ್ ದೇಸಾಯಿ ತೀರ್ಪು ಇದೆ. ಜಪ್ತಿ ಮಾಡಿದ ಗಾಡಿಗಳನ್ನು ಠಾಣೆ ಮುಂದೆ ಕೊಳೆಯಲು ಬಿಡಬೇಡಿ, ಫೋಟೊ, ಪಂಚನಾಮೆ ಮಾಡಿಸಿ, ಬಾಂಡ್ ಮತ್ತು ಭದ್ರತೆ ತಗೊಂಡು ಕೂಡಲೇ ಮಾಲೀಕನ ಸುಪರ್ದಿಗೆ ಕೊಡಿ ಅಂತ ಅದು ಹೇಳಿತು. 2024ರ ಜುಲೈ 1ರಿಂದ ಹಳೇ ದಂಡ ಪ್ರಕ್ರಿಯಾ ಸಂಹಿತೆಯ ಬದಲು ಬಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 497ನೇ ಕಲಂ ಅದಕ್ಕೆ ದಿನವನ್ನೂ ಗೊತ್ತು ಮಾಡಿದೆ. ವಸ್ತು ಕೋರ್ಟಿನ ಮುಂದೆ ಬಂದ 14 ದಿನದೊಳಗೆ ಅದರ ವಿವರ ಪಟ್ಟಿ ಆಗಬೇಕು, ಅಲ್ಲಿಂದ 30 ದಿನದೊಳಗೆ ವಿಲೇವಾರಿಯ ಆದೇಶ ಆಗಬೇಕು.

ಕೊಲೆ ಕೇಸಿನಲ್ಲಿ ಸಿಕ್ಕ ಗಾಡಿಗೆ ದಿನದ ಲೆಕ್ಕ ಇದೆ, ಅಕ್ಕಿ ಕೇಸಿನಲ್ಲಿ ಸಿಕ್ಕ ಗಾಡಿಗೆ ಇಲ್ಲ. ಇದು ಯಾವ ನ್ಯಾಯ ಅಂತ ಶಾಸಕರನ್ನು, ಸಂಸದರನ್ನು ಕೇಳಬೇಕು. ಲಾರಿ ಮಾಲೀಕರ ಸಂಘಗಳು ಟೋಲು, ಡೀಸೆಲ್ ಅಂತ ಮುಷ್ಕರ ಮಾಡುತ್ತವೆ, ಇದರ ಬಗ್ಗೆ ಒಂದು ಮನವಿಯನ್ನೂ ಕೊಟ್ಟಿದ್ದು ನಾನು ನೋಡಿಲ್ಲ.

ಹಳೇ ಗುಮಾಸ್ತ · ಗುರುವಾರ ಸಂಜೆ

ಮೇಡಂ ಹೇಳಿದ್ದಕ್ಕೆ ಒಂದು ಮಾತು ಸೇರಿಸ್ತೀನಿ. ಕೇಳುವವರು ಯಾರು ಅನ್ನೋದೂ ನೋಡಬೇಕು. ಆಹಾರ ಇಲಾಖೆಯ ಉಪನಿರ್ದೇಶಕರು ಹಿಡಿಸ್ತಾರೆ, ಅವರೇ ಕಡತಕ್ಕೆ ಟಿಪ್ಪಣಿ ಬರೀತಾರೆ, ಅವರ ಮೇಲಿನ ಸಾಹೇಬರೇ ತೀರ್ಪು ಕೊಡ್ತಾರೆ. ಸಾಹೇಬರು ಎಷ್ಟೇ ನಿಷ್ಪಕ್ಷಪಾತಿ ಆಗಿದ್ದರೂ ಬೆಳಿಗ್ಗೆ ಕೆಡಿಪಿ (ಜಿಲ್ಲೆಯ ಇಲಾಖೆಗಳ ಪ್ರಗತಿ ಪರಿಶೀಲನೆ) ಸಭೆಯಲ್ಲಿ 'ಎಷ್ಟು ಕೇಸ್ ಹಾಕಿದಿರಿ' ಅಂತ ಬೈದವರು ಮಧ್ಯಾಹ್ನ ನ್ಯಾಯಾಧೀಶರಾಗಿ ಕೂರಬೇಕು. ನಮ್ಮ ಕಾಲದಲ್ಲಿ ಕೆಲವು ಡಿಸಿಗಳು ನಿಜಕ್ಕೂ ಕೂತು ಕೇಳುತ್ತಿದ್ದರು. ಒಬ್ಬರಂತೂ ಮಾಲೀಕ ಹೇಳಿದ್ದನ್ನು ತಾವೇ ಬರೆದುಕೊಳ್ಳುತ್ತಿದ್ದರು. ಕೆಲವರ ಕಾಲದಲ್ಲಿ ವಿಚಾರಣೆ ಅಂದರೆ ಹಾಜರಿ ಹಾಕಿಸಿ, ಮುಂದಿನ ತಾರೀಕು ಕೊಟ್ಟು ಕಳಿಸೋದು.

ಅದಕ್ಕೇ ಹೇಳೋದು, ಅಲ್ಲಿ ಬಾಯಿಮಾತಿನ ಮೇಲೆ ನಂಬಿಕೆ ಇಟ್ಟು ಹೋಗಬೇಡ. ಹೇಳಬೇಕಾದ್ದೆಲ್ಲ ಬರೆದು ಕೊಡು. ಬರೆದುಕೊಟ್ಟ ಅಂಶಕ್ಕೆ ಆದೇಶದಲ್ಲಿ ಉತ್ತರ ಇಲ್ಲ ಅಂದರೆ ಮೇಲ್ಮನವಿಯಲ್ಲಿ ಅದೇ ಹಿಡಿ ಸಿಗುತ್ತೆ. ಆದೇಶ ಕೈಗೆ ಬಂದ ಒಂದು ತಿಂಗಳೊಳಗೆ ಮೇಲ್ಮನವಿ ಹಾಕಬೇಕು, 6ಸಿ ಕಲಂ.

ಭತ್ತದ ಸೀಮೆ · ಶುಕ್ರವಾರ ರಾತ್ರಿ

ಎಲ್ಲರಿಗೂ ದೊಡ್ಡ ನಮಸ್ಕಾರ. ಇವತ್ತು ಅರ್ಜಿ ಕೊಟ್ಟು ಬಂದೆವು. ಮೊದಲು ತಗೊಳ್ಳಲ್ಲ ಅಂದರು. ಗುಮಾಸ್ತರು ಹೇಳಿದ ಹಾಗೆ ಟಪಾಲಿನಲ್ಲೇ ನಿಂತೆವು, ಸೀಲು ಬಿತ್ತು. ಕೋರ್ಟ್ ಆದೇಶದ ನಕಲು ನೋಡಿದ ಮೇಲೆ ಕೇಸ್ ವರ್ಕರ್ ಧ್ವನಿ ಸ್ವಲ್ಪ ಮೆತ್ತಗಾಯ್ತು. ವರದಿ ಬಂದು ಕೂತಿತ್ತಂತೆ!

ಮಹಜರು ನಕಲೂ ಸಿಕ್ಕಿತು. ಅದರಲ್ಲಿ 'ಅನ್ನಭಾಗ್ಯದ ಅಕ್ಕಿಯಂತೆ ಕಂಡುಬಂದಿರುತ್ತದೆ' ಅಂತ ಇದೆ. ಚೀಲಗಳ ಮೇಲೆ ಸರ್ಕಾರದ ಗುರುತು ಇಲ್ಲ, ಬರೀ ಬಿಳಿ ಪ್ಲಾಸ್ಟಿಕ್ ಚೀಲ. ಕಂಡುಬಂದಿರುತ್ತದೆ ಅಂದರೆ ಸಾಕಾ?

ಇನ್ನೊಂದು. ಡಿಸಿ ಬೇಗ ನೋಡಲಿಲ್ಲ ಅಂದರೆ?

ವಕೀಲಮ್ಮ · ಶನಿವಾರ ಬೆಳಿಗ್ಗೆ

ಸಾಲದು. ಪಡಿತರಕ್ಕೆ ಕೊಟ್ಟ ಅಕ್ಕಿಯಲ್ಲಿ ಸಾರವರ್ಧಿತ (ಪೌಷ್ಟಿಕಾಂಶ ಸೇರಿಸಿದ) ಕಾಳು ಬೆರೆಸಿದ್ದರೆ ಮಾದರಿ ಪರೀಕ್ಷೆ ಮಾಡಿಸಿ ಹೇಳಬಹುದು. ಮಾದರಿ ತೆಗೆದರಾ, ಎಲ್ಲಿಗೆ ಕಳಿಸಿದರು, ವರದಿ ಎಲ್ಲಿ ಅಂತ ಉತ್ತರದಲ್ಲಿ ಕೇಳಿ. ವರದಿಯ ನಕಲು ಕೊಡದೆ ಅದರ ಮೇಲೆ ಆದೇಶ ಮಾಡಿದರೆ ಅದು ಸರಿಯಾದ ವಿಚಾರಣೆ ಆಗುವುದಿಲ್ಲ. ಯಾವ ನಿಯಂತ್ರಣ ಆದೇಶದ (ಕಾಯ್ದೆಯ ಕೆಳಗೆ ಸರ್ಕಾರ ಹೊರಡಿಸುವ ನಿಯಮ) ಯಾವ ಅಂಶ ಉಲ್ಲಂಘನೆ ಆಗಿದೆ ಅಂತ ನೋಟಿಸ್‌ನಲ್ಲಿ ಬರೆದಿದ್ದಾರಾ ಅದನ್ನೂ ನೋಡಿ. ನಮ್ಮಲ್ಲಿ 2016ರ ಪಡಿತರ ವ್ಯವಸ್ಥೆ ನಿಯಂತ್ರಣ ಆದೇಶ ಇದೆ. ಸುಮ್ನೆ 'ಅಗತ್ಯ ವಸ್ತುಗಳ ಕಾಯ್ದೆ ಉಲ್ಲಂಘನೆ' ಅಂತ ಒಂದು ಸಾಲು ಬರೆದರೆ ನೀವು ಯಾವುದಕ್ಕೆ ಉತ್ತರ ಕೊಡುತ್ತೀರಿ?

ಆದರೆ ಇದೊಂದನ್ನೇ ನಂಬಿ ಕೂರಬೇಡಿ. ನೋಟಿಸ್‌ನ ಸಣ್ಣಪುಟ್ಟ ದೋಷದಿಂದ ಆದೇಶ ಬಿದ್ದುಹೋಗುವುದಿಲ್ಲ ಅಂತ 6ಬಿ ಕಲಂನಲ್ಲೇ ಬರೆದಿದ್ದಾರೆ. ದೋಷದಿಂದ ನಿಮ್ಮ ಉತ್ತರಕ್ಕೆ ಏನು ತೊಂದರೆ ಆಯ್ತು ಅಂತ ತೋರಿಸಬೇಕು.

ಡಿಸಿ ತೀರ್ಮಾನ ಮಾಡದೆ ಎಳೆದರೆ ಹೈಕೋರ್ಟಿಗೆ ರಿಟ್. ನಿಮ್ಮ ಜಿಲ್ಲೆ ಯಾವ ಪೀಠಕ್ಕೆ ಬರುತ್ತದೆ ನೋಡಿಕೊಳ್ಳಿ, ಧಾರವಾಡ ಅಥವಾ ಕಲಬುರಗಿ ಪೀಠಕ್ಕೆ ಬಂದರೆ ಬೆಂಗಳೂರಿಗೆ ಹೋಗಬೇಕಾಗಿಲ್ಲ. ಇಷ್ಟು ವಾರದೊಳಗೆ ಅರ್ಜಿ ಇತ್ಯರ್ಥ ಮಾಡಿ ಅಂತ ನಿರ್ದೇಶನ ಕೇಳಬಹುದು. ಇನ್‌ವರ್ಡ್ ನಂಬರ್ ಆಗ ಕೆಲಸಕ್ಕೆ ಬರುತ್ತದೆ. ಮಾದಕ ವಸ್ತು ಕೇಸಿನಲ್ಲೇ 2025ರ ಜನವರಿಯಲ್ಲಿ ಸುಪ್ರೀಂ ಕೋರ್ಟ್ ಅಸ್ಸಾಂನ ಒಬ್ಬ ಟ್ರಕ್ ಮಾಲೀಕನಿಗೆ ಗಾಡಿ ಬಿಡಿಸಿಕೊಟ್ಟಿದೆ. ಮಾದಕ ವಸ್ತು ಇದ್ದದ್ದು ಪ್ರಯಾಣಿಕನ ಹತ್ತಿರ. ಮಾಲೀಕನ ಮೇಲೆ ಆರೋಪ ಇಲ್ಲ, ಗಾಡಿ ಕಂತಿನಲ್ಲಿದೆ, ಅದೇ ಅವನ ಜೀವನಾಧಾರ. ಠಾಣೆಯಲ್ಲಿ ಬಿಸಿಲು ಮಳೆಗೆ ನಿಂತರೆ ಯಾರಿಗೂ ಉಪಯೋಗವಿಲ್ಲ ಅಂತ ಕೋರ್ಟ್ ಗಮನಿಸಿತು. ಕಾಯ್ದೆ ಬೇರೆ, ನಿಮ್ಮ ಕೇಸಿಗೆ ನೇರವಾಗಿ ಕೂರುವುದಿಲ್ಲ, ನಿಮ್ಮಲ್ಲಿ ಆರೋಪಿ ಡ್ರೈವರೇ. ಆದರೂ ಮಧ್ಯಂತರ ಬಿಡುಗಡೆ ಕೇಳುವಾಗ ಕೋರ್ಟಿನ ಧೋರಣೆ ತೋರಿಸಲು ಜೊತೆಗಿಡಬಹುದು.

ನ್ಯಾಯಬೆಲೆ ಸಾಲು · ಶನಿವಾರ ಮಧ್ಯಾಹ್ನ

ಗಾಡಿ ಬಿಡಿಸಿಕೊಳ್ಳಿ, ಬೇಡ ಅನ್ನಲ್ಲ. ಒಂದು ಕೆಲಸ ಮಾಡಿ. ಆ ವ್ಯಾಪಾರಿ ಯಾರು, ಎಲ್ಲಿಂದ ಹೇರಿಸಿದ, ಯಾವ ಮಿಲ್ಲಿಗೆ ಇಳಿಸಲು ಹೇಳಿದ ಅಂತ ನಿಮ್ಮ ಉತ್ತರದಲ್ಲಿ ಬರೆಯಿರಿ. ಡ್ರೈವರ್ ಫೋನಿನಲ್ಲಿ ಎಲ್ಲ ಇರುತ್ತೆ.

ಭತ್ತದ ಸೀಮೆ · ಶನಿವಾರ ಸಂಜೆ

ಅಕ್ಕಾ, ಭಾವನಿಗೆ ಹೇಳಿದೆ. ಊರಲ್ಲಿ ನಾಳೆ ಬಾಡಿಗೆ ಸಿಗಲ್ಲ ಅಂತ ಅಂಜುತ್ತಾನೆ. ಆದರೆ ಗೊತ್ತಿಲ್ಲ ಅಂತ ಸಾಬೀತು ಮಾಡಬೇಕಾದವನು ಅವನೇ ತಾನೆ. ಬರೆಯಲು ಒಪ್ಪಿಸಿದ್ದೇನೆ.

ಗೇರ್ ಬದ್ಲಿ · ಭಾನುವಾರ ಬೆಳಿಗ್ಗೆ

ಗಾಡಿ ಬಿಟ್ಟ ದಿನ ಖುಷಿಯಲ್ಲಿ ಸಹಿ ಮಾಡಿ ಬರಬೇಡ ಗುರು. ಮಹಜರಿನಲ್ಲಿ ಬ್ಯಾಟರಿ, ಸ್ಟೆಪ್ನಿ, ಜಾಕ್, ಟಾರ್ಪಲ್ ಬರೆದಿದ್ದಾರಾ ತಾಳೆ ನೋಡು. ಇಲ್ಲದ್ದು ಇಲ್ಲ ಅಂತ ಸ್ವೀಕೃತಿಯಲ್ಲೇ ಬರೆದು ಸಹಿ ಹಾಕು. ಹೋಗುವಾಗ ಒಂದು ಚಾರ್ಜ್ ಆದ ಬ್ಯಾಟರಿ, ಮೆಕ್ಯಾನಿಕ್, ಐದು ಲೀಟರ್ ಡೀಸೆಲ್ ಜೊತೆಗಿರಲಿ. ಇನ್ಶೂರೆನ್ಸ್ ಮಧ್ಯದಲ್ಲಿ ಮುಗಿದಿದ್ದರೆ ಮೊದಲು ಕಟ್ಟು, ಇಲ್ಲಾಂದ್ರೆ ಠಾಣೆ ಗೇಟ್ ದಾಟಿದ ಕೂಡಲೇ ಟ್ರಾಫಿಕ್‌ನವರು ಹಿಡೀತಾರೆ.

ನಿರ್ವಾಹಕ · ಭಾನುವಾರ ಬೆಳಿಗ್ಗೆ

ದಯವಿಟ್ಟು ಯಾರೂ ಗಾಡಿ ನಂಬರ್, ಕ್ರೈಂ ನಂಬರ್, ಅಧಿಕಾರಿಗಳ ಹೆಸರು ಇಲ್ಲಿ ಹಾಕಬೇಡಿ. ಎರಡು ಪೋಸ್ಟ್‌ನಿಂದ ತೆಗೆದಿದ್ದೇವೆ. ಮರಳು ಮತ್ತು ಎಂ-ಸ್ಯಾಂಡ್ ಟಿಪ್ಪರ್ ಬಗ್ಗೆ ಕೇಳಿದವರಿಗೆ ಬೇರೆ ಚರ್ಚೆ ತೆರೆದಿದ್ದೇವೆ. ಅಲ್ಲಿ ಗಣಿ ಕಾಯ್ದೆ ಬರುತ್ತದೆ, ಮುಟ್ಟುಗೋಲು ಆದೇಶ ಮಾಡುವುದು ಡಿಸಿ ಅಲ್ಲ, ಕೋರ್ಟ್. ಇಲ್ಲಿನ ಉತ್ತರವನ್ನು ಅಲ್ಲಿಗೆ ಹಾಗೇ ಎತ್ತಿಕೊಂಡು ಹೋಗಬೇಡಿ.